ಬದುಕುಳಿದವರ ಲೆಕ್ಕವನ್ನೂ ಕೇಳಿದ ವಿಲಿಯಂ ಫಾರ್

ಬೆಂಗಳೂರು: ಅಮೆರಿಕದ ಆಸ್ಪತ್ರೆಗಳಲ್ಲಿ ವೈದ್ಯರು ಬರೆದಿಡುವ ಟಿಪ್ಪಣಿಗಳನ್ನು ಓದಿ ಅವುಗಳಿಗೆ ತಕ್ಕ ಸಂಕೇತಗಳನ್ನು ನೀಡುವ ಕೆಲಸ ಬೆಂಗಳೂರು ಸೇರಿದಂತೆ ಭಾರತದ ಹಲವು ನಗರಗಳ ಯುವಜನರಿಗೆ ಉದ್ಯೋಗ ಒದಗಿಸಿದೆ. ಮೆಡಿಕಲ್ ಕೋಡಿಂಗ್ ಎಂಬ ಹೆಸರಿನ ಈ ಕಸುಬಿನಲ್ಲಿ ಪ್ರತಿಯೊಂದು ರೋಗಕ್ಕೂ, ಗಾಯಕ್ಕೂ, ಆ ಗಾಯಕ್ಕೆ ಕಾರಣವಾದ ಘಟನೆಗೂ ಅಕ್ಷರ ಮತ್ತು ಅಂಕಿಗಳಿಂದ ಕೂಡಿದ ಗುರುತುಂಟು. ರಸ್ತೆಯಿಲ್ಲದ ಮರಳುದಿಬ್ಬದಲ್ಲೋ ಕಾಡುದಾರಿಯಲ್ಲೋ ಓಡಿಸುವ ಮೂರು ಅಥವಾ ನಾಲ್ಕು ಚಕ್ರದ ವಾಹನ ಮಗುಚಿ ಚಾಲಕ ಗಾಯಗೊಂಡರೆ ಅಮೆರಿಕದ ಪಟ್ಟಿಯಲ್ಲಿ ಅದು ವಿ86.55. ಗಾಯ ಮಾಯ್ದ ಬಳಿಕವೂ ಅದರ ಪರಿಣಾಮ ದೇಹದಲ್ಲಿ ಉಳಿದಿದ್ದು, ಅದಕ್ಕಾಗಿಯೇ ಆತ ಮತ್ತೆ ಆಸ್ಪತ್ರೆಗೆ ಬಂದಿದ್ದರೆ ಸಂಕೇತದ ಕೊನೆಗೆ ಎಸ್ ಎಂಬ ಅಕ್ಷರ ಸೇರುತ್ತದೆ.

ಈ ಒಂದು ಅಕ್ಷರದ ಹಿಂದೆ ದೀರ್ಘ ಇತಿಹಾಸವಿದೆ. ಸತ್ತವರನ್ನು ಎಣಿಸಿದಂತೆಯೇ ಸಾಯದೆ ಉಳಿದು, ಅಂಗಬಲ ಕಳೆದುಕೊಂಡು ಬಾಳುವವರನ್ನೂ ಎಣಿಸಬೇಕೆಂದು 1855ರಷ್ಟು ಹಿಂದೆಯೇ ವಾದಿಸಿದವರು ಇಂಗ್ಲೆಂಡಿನ ವೈದ್ಯ ಹಾಗೂ ಸಂಖ್ಯಾಶಾಸ್ತ್ರಜ್ಞ ವಿಲಿಯಂ ಫಾರ್. ಇಂದಿನ ಅಂತಾರಾಷ್ಟ್ರೀಯ ರೋಗ ವರ್ಗೀಕರಣದ ಮೂಲಪುರುಷರಲ್ಲಿ ಮೊದಲಿಗರೆಂದು ಅವರನ್ನು ಪರಿಗಣಿಸಲಾಗುತ್ತದೆ. ಅವರು ಕಂಡ ವ್ಯವಸ್ಥೆ ಜಾರಿಗೆ ಬರುವ ವೇಳೆಗೆ ಅವರು ತೀರಿಕೊಂಡು 65 ವರ್ಷಗಳಾಗಿದ್ದವು.

ಬಡತನದಿಂದ ಪ್ಯಾರಿಸ್‌ವರೆಗೆ

ವಿಲಿಯಂ ಫಾರ್ 1807ರ ನವೆಂಬರ್ 30ರಂದು ಇಂಗ್ಲೆಂಡಿನ ಶ್ರಾಪ್‌ಶೈರ್ ಪ್ರಾಂತ್ಯದ ಕೆನ್ಲಿ ಎಂಬ ಹಳ್ಳಿಯಲ್ಲಿ ಜನಿಸಿದರು. ತಂದೆತಾಯಿ ಬಡವರು. ಮಗನನ್ನು ಓದಿಸುವ ಶಕ್ತಿ ಅವರಿಗಿರಲಿಲ್ಲ. ಬಾಲಕನ ಚುರುಕುತನ ಕಂಡ ಜೋಸೆಫ್ ಪ್ರೈಸ್ ಎಂಬ ಊರಿನ ಹಿರಿಯರು ಆತನನ್ನು ತಮ್ಮ ಆಶ್ರಯಕ್ಕೆ ತೆಗೆದುಕೊಂಡರು. 1828ರಲ್ಲಿ ತೀರಿಕೊಂಡಾಗ ಅವರು ಫಾರ್ ಅವರ ಹೆಸರಿಗೆ 500 ಪೌಂಡ್ ಬರೆದಿಟ್ಟಿದ್ದರು. ಆ ಹಣವೇ ಮುಂದಿನ ವಿದ್ಯಾಭ್ಯಾಸಕ್ಕೆ ಆಧಾರವಾಯಿತು.

ಫಾರ್ ಪ್ಯಾರಿಸ್‌ಗೆ ತೆರಳಿದರು. ಚಿಕಿತ್ಸೆಯ ಫಲವನ್ನು ಊಹೆಯಿಂದಲ್ಲದೆ ರೋಗಿಗಳ ಎಣಿಕೆಯಿಂದ ನಿರ್ಧರಿಸಬೇಕೆಂಬ ಚಿಂತನೆ ಆಗ ಆ ನಗರದ ಆಸ್ಪತ್ರೆಗಳಲ್ಲಿ ಬಲಗೊಳ್ಳುತ್ತಿತ್ತು. ಪಿಯರ್ ಲೂಯಿ ಅದರ ಪ್ರಮುಖ ಪ್ರತಿಪಾದಕರು. ಇದರ ಪ್ರಭಾವ ಯುವ ಫಾರ್ ಅವರ ಮೇಲೆ ಗಾಢವಾಗಿ ಬಿದ್ದಿತು. ಲಂಡನ್ನಿಗೆ ಹಿಂದಿರುಗಿ ಯೂನಿವರ್ಸಿಟಿ ಕಾಲೇಜಿನಲ್ಲಿ ಓದು ಮುಂದುವರಿಸಿದ ಅವರು 1832ರಲ್ಲಿ ಅಪಾಥಿಕರಿಗಳ ಸಂಘದ ಪರವಾನಗಿ ಪಡೆದರು. ವೈದ್ಯವೃತ್ತಿಗೆ ಇದ್ದ ಅರ್ಹತೆ ಅದೊಂದೇ.

1833ರಲ್ಲಿ ಮದುವೆಯಾಗಿ ಲಂಡನ್ನಿನಲ್ಲಿ ವೃತ್ತಿ ಆರಂಭಿಸಿದರು. ಅದು ಹೇಳಿಕೊಳ್ಳುವಂತೆ ಕೈಹಿಡಿಯಲಿಲ್ಲ. ಬರವಣಿಗೆಯೇ ಅವರಿಗೆ ಹೆಸರು ತಂದಿತು. ನಾಲ್ಕೇ ವರ್ಷಗಳಲ್ಲಿ, 1837ರಲ್ಲಿ, ಪತ್ನಿ ಕ್ಷಯರೋಗದಿಂದ ತೀರಿಕೊಂಡರು. ಅದೇ ವರ್ಷ ಮೆಕ್‌ಕಲಕ್ ಅವರ ಸಂಪಾದಕತ್ವದ ಬ್ರಿಟಿಷ್ ಸಾಮ್ರಾಜ್ಯದ ಅಂಕಿಅಂಶ ಗ್ರಂಥಕ್ಕೆ ಫಾರ್ ಬರೆದ ಜನನ ಮರಣ ಕುರಿತ ಅಧ್ಯಾಯ ಪ್ರಕಟವಾಯಿತು. ಅದನ್ನು ಓದಿದವರಿಗೆ ಈ ವಿಷಯದಲ್ಲಿ ಇವರಿಗಿರುವ ಹಿಡಿತ ಮನವರಿಕೆಯಾಯಿತು.

ಹಸಿವಿಗೆ ಒಂದು ಹೆಸರು

ಇಂಗ್ಲೆಂಡ್ ಮತ್ತು ವೇಲ್ಸ್‌ಗಳಲ್ಲಿ ಜನನ, ಮರಣ, ವಿವಾಹಗಳ ನಾಗರಿಕ ನೋಂದಣಿ ಆರಂಭವಾದದ್ದು 1837ರ ಜುಲೈ 1ರಂದು. ಅದಕ್ಕೆ ಮುನ್ನ ಚರ್ಚುಗಳ ದಾಖಲೆಪುಸ್ತಕಗಳೇ ಗತಿಯಾಗಿದ್ದವು. ಹೊಸ ವ್ಯವಸ್ಥೆಗಾಗಿ ಲಂಡನ್ನಿನಲ್ಲಿ ಜನರಲ್ ರಿಜಿಸ್ಟರ್ ಆಫೀಸ್ ಸ್ಥಾಪನೆಯಾಯಿತು. ಅಲ್ಲಿ ಅಂಕಿಅಂಶಗಳ ಸಾರಸಂಗ್ರಹ ಮಾಡುವ ಹುದ್ದೆಗೆ ಸೇರಿದ ಫಾರ್, ನಿವೃತ್ತಿಯವರೆಗೆ ನಾಲ್ಕು ದಶಕ ಅದೇ ಕಚೇರಿಯಲ್ಲಿ ದುಡಿದರು.

ಬರುತ್ತಿದ್ದ ಮರಣ ವಿವರಗಳು ಗೊಂದಲಮಯವಾಗಿದ್ದವು. ಒಂದೇ ರೋಗವನ್ನು ಒಂದೊಂದು ಊರಿನಲ್ಲಿ ಒಂದೊಂದು ಹೆಸರಿನಿಂದ ಕರೆಯಲಾಗುತ್ತಿತ್ತು. ಒಂದೇ ಹೆಸರನ್ನು ಹಲವು ರೋಗಗಳಿಗೆ ಬಳಸುತ್ತಿದ್ದುದೂ ಉಂಟು. ಭೌತವಿಜ್ಞಾನಕ್ಕೆ ತೂಕ ಮತ್ತು ಅಳತೆಗಳು ಎಷ್ಟು ಮುಖ್ಯವೋ ರೋಗಗಳ ವಿಚಾರದಲ್ಲಿ ಹೆಸರುಗಳ ಏಕರೂಪತೆ ಅಷ್ಟೇ ಮುಖ್ಯವೆಂದು ಫಾರ್ ತಮ್ಮ ಮೊದಲ ವರದಿಯಲ್ಲೇ ಪ್ರತಿಪಾದಿಸಿದರು. ಹಳೆಯ ಪಟ್ಟಿಯನ್ನು ಕೈಬಿಟ್ಟು ತಮ್ಮದೇ ಪಟ್ಟಿ ರಚಿಸಲು ಕೈಹಾಕಿದರು.

ಅದೇ ವರದಿ ಅವರನ್ನು ವಿವಾದಕ್ಕೂ ಎಳೆಯಿತು. ನೋಂದಣಿಯ ಮೊದಲ ಆರು ತಿಂಗಳಲ್ಲಿ ದಾಖಲಾದ ಸುಮಾರು 1,48,000 ಮರಣಗಳ ಪೈಕಿ 63 ಮರಣಗಳಿಗೆ ಹಸಿವೇ ಕಾರಣವೆಂದು ಫಾರ್ ತೋರಿಸಿದ್ದರು. ಬಡವರ ಕಾನೂನು ಆಯೋಗದ ಕಾರ್ಯದರ್ಶಿಯಾಗಿದ್ದ ಎಡ್ವಿನ್ ಚಾಡ್ವಿಕ್ ಇದನ್ನು ಒಪ್ಪಲಿಲ್ಲ. 1834ರ ಹೊಸ ಕಾನೂನಿನಡಿ ಬಡವರಿಗೆ ನೆರವು ನೀಡುವ ಹೊಣೆ ಅವರ ಆಯೋಗದ್ದಾಗಿತ್ತು. ಹಸಿವಿನಿಂದ ಜನ ಸತ್ತರೆಂದು ಸರ್ಕಾರಿ ವರದಿಯೇ ಹೇಳಿದರೆ ಆ ಕಾನೂನಿನ ಮೇಲೆ ಆರೋಪ ಹೊರಿಸಿದಂತಾಗುತ್ತಿತ್ತು. ಫಾರ್ ಹಿಂಜರಿಯಲಿಲ್ಲ. ನೇರವಾಗಿ ಹಸಿವಿನಿಂದ ಸತ್ತವರು ಕೆಲವರೇ ಇರಬಹುದು, ಅನ್ನವಿಲ್ಲದೆ ದೇಹ ಸೊರಗಿ ಬೇರೆ ರೋಗಕ್ಕೆ ತುತ್ತಾದವರ ಸಂಖ್ಯೆ ಇನ್ನೂ ದೊಡ್ಡದು ಎಂಬುದು ಅವರ ನಿಲುವಾಗಿತ್ತು. ಪಟ್ಟಿಯಲ್ಲಿ ಯಾವ ಕಾರಣಕ್ಕೆ ಜಾಗವಿರಬೇಕು ಎಂಬ ಪ್ರಶ್ನೆ ಕಚೇರಿಯ ಗುಮಾಸ್ತರ ಮಟ್ಟದಲ್ಲಿ ಮುಗಿಯುವುದಿಲ್ಲವೆಂಬ ಪಾಠ ಅವರಿಗೆ ವೃತ್ತಿಯ ಆರಂಭದಲ್ಲೇ ದೊರೆಯಿತು.

ದಾಖಲೆ ಸರಿಯಾಗಿರಬೇಕಾದರೆ ಮೊದಲು ಬರೆಯುವವನಿಗೆ ವಿಷಯ ತಿಳಿದಿರಬೇಕು. 1845ರಲ್ಲಿ ರಿಜಿಸ್ಟ್ರಾರ್ ಜನರಲ್ ಕಚೇರಿಯು ಮರಣಕಾರಣ ಪ್ರಮಾಣಪತ್ರದ ಮುದ್ರಿತ ಖಾಲಿ ನಮೂನೆಗಳನ್ನು ದೇಶದ ವೈದ್ಯರಿಗೆ ಕಳುಹಿಸಿತು. ವೈದ್ಯರ ಪ್ರಮಾಣಪತ್ರ ಕಾನೂನಿನ ಪ್ರಕಾರ ಕಡ್ಡಾಯವಾದದ್ದು 1874ರಲ್ಲಿ. ಅಲ್ಲಿಯತನಕ ವೈದ್ಯರ ಸಹಕಾರವನ್ನೇ ನೆಚ್ಚಿಕೊಳ್ಳಬೇಕಾಯಿತು.

ತಮ್ಮದೇ ಸಿದ್ಧಾಂತ ಸುಳ್ಳಾದಾಗ

1848-49ರಲ್ಲಿ ಇಂಗ್ಲೆಂಡಿಗೆ ಕಾಲರಾ ಬಡಿಯಿತು. ಲಂಡನ್ನಿನ ಪ್ರತಿ ವಿಭಾಗದ ಮರಣ ಸಂಖ್ಯೆಯನ್ನು ಪರಿಶೀಲಿಸಿದ ಫಾರ್, ಥೇಮ್ಸ್ ನದಿಯ ಮಟ್ಟದಿಂದ ನೆಲ ಎತ್ತರವಾದಂತೆ ಸಾವು ಕಡಿಮೆಯಾಗುವುದನ್ನು ಕಂಡರು. ಕೆಟ್ಟ ಗಾಳಿಯಿಂದ ರೋಗ ಹರಡುತ್ತದೆಂಬ ಆ ಕಾಲದ ನಂಬಿಕೆಗೆ ಇದು ಸರಿಹೊಂದುತ್ತಿತ್ತು. 1852ರ ವರದಿಯಲ್ಲಿ ಅವರು ಇದನ್ನೇ ಮಂಡಿಸಿದರು. ನೀರಿನಿಂದಲೇ ಕಾಲರಾ ಹರಡುತ್ತದೆಂದು ಜಾನ್ ಸ್ನೋ ಎಂಬ ವೈದ್ಯರು ಹೇಳುತ್ತಿದ್ದ ಕಾಲವದು.

ಸ್ನೋ ಅವರ ಮಾತನ್ನು ಆಗ ಪೂರ್ಣವಾಗಿ ಒಪ್ಪದಿದ್ದರೂ ಫಾರ್ ಅಂಕಿಅಂಶಗಳನ್ನು ಮುಚ್ಚಿಡಲಿಲ್ಲ. ಸ್ನೋ ತಮ್ಮ ಸಂಶೋಧನೆಗೆ ಬಳಸಿದ್ದು ಫಾರ್ ಅವರ ಕಚೇರಿಯ ಮರಣ ವಿವರಗಳನ್ನೇ. 1854ರ ಹಾವಳಿಯ ಸಮಯದಲ್ಲಿ ಕಾಲರಾದಿಂದ ಸತ್ತವರ ಮನೆಗೆ ಯಾವ ಮೂಲದಿಂದ ನೀರು ಬರುತ್ತಿತ್ತೆಂಬುದನ್ನೂ ನೋಂದಣಿ ಅಧಿಕಾರಿಗಳಿಂದ ವಿಚಾರಿಸಲಾಯಿತು. 1866ರಲ್ಲಿ ಪೂರ್ವ ಲಂಡನ್ನಿನಲ್ಲಿ ಕಾಲರಾ ಮತ್ತೆ ಕಾಣಿಸಿಕೊಂಡು ಸಾವಿರಾರು ಮಂದಿಯನ್ನು ಬಲಿ ತೆಗೆದುಕೊಂಡಾಗ ಅಂಕಿಗಳು ಒಂದೇ ನೀರು ಸರಬರಾಜು ಕಂಪೆನಿಯ ಪ್ರದೇಶದತ್ತ ಬೊಟ್ಟು ಮಾಡಿದವು. ಈ ಬಾರಿ ನೀರೇ ಕಾರಣವೆಂದು ಫಾರ್ ಬಹಿರಂಗವಾಗಿ ಬರೆದರು. ಸ್ನೋ 1858ರಲ್ಲೇ ತೀರಿಕೊಂಡಿದ್ದರು.

ನೈಟಿಂಗೇಲ್ ಮತ್ತು ಹಲಸೂರು ಕೆರೆ

ಕ್ರಿಮಿಯಾ ಯುದ್ಧದಿಂದ ಹಿಂದಿರುಗಿದ ಫ್ಲಾರೆನ್ಸ್ ನೈಟಿಂಗೇಲ್ ಅವರಿಗೆ 1856ರಲ್ಲಿ ಫಾರ್ ಅವರ ಪರಿಚಯವಾಯಿತು. ಯುದ್ಧಭೂಮಿಯ ಗಾಯಗಳಿಗಿಂತ ಆಸ್ಪತ್ರೆಯ ಕೊಳಕಿನಿಂದ ಹೆಚ್ಚು ಸೈನಿಕರು ಸತ್ತರೆಂಬುದನ್ನು ಸರ್ಕಾರಕ್ಕೆ ತೋರಿಸಿಕೊಡಲು ಅವರಿಗೆ ಅಂಕಿಅಂಶಗಳ ಆಸರೆ ಬೇಕಿತ್ತು. ಶಾಂತಿಕಾಲದಲ್ಲಿ ಸ್ವದೇಶದ ಬ್ಯಾರಕ್ಕುಗಳಲ್ಲಿದ್ದ ಸೈನಿಕರು ಸಹ ಅದೇ ವಯಸ್ಸಿನ ನಾಗರಿಕರಿಗಿಂತ ಹೆಚ್ಚಿನ ಪ್ರಮಾಣದಲ್ಲಿ ಸಾಯುತ್ತಿದ್ದಾರೆಂಬುದು ಇವರಿಬ್ಬರ ಲೆಕ್ಕದಿಂದ ಬೆಳಕಿಗೆ ಬಂದಿತು.

ಈ ಸ್ನೇಹ ಭಾರತವನ್ನೂ ಮುಟ್ಟಿತು. ಭಾರತದಲ್ಲಿನ ಸೇನೆಯ ಆರೋಗ್ಯ ಸ್ಥಿತಿ ಪರಿಶೀಲಿಸಲು 1859ರಲ್ಲಿ ನೇಮಕವಾದ ರಾಯಲ್ ಆಯೋಗದಲ್ಲಿ ಫಾರ್ ಸದಸ್ಯರಾಗಿದ್ದರು. 1863ರಲ್ಲಿ ಹೊರಬಂದ ಅದರ ವರದಿಯಂತೆ ಇಲ್ಲಿದ್ದ ಬ್ರಿಟಿಷ್ ಸೈನಿಕರ ಮರಣ ಪ್ರಮಾಣ ವರ್ಷಕ್ಕೆ ಸಾವಿರಕ್ಕೆ 69. ದೇಶದ ಸೇನಾ ಠಾಣ್ಯಗಳಿಂದ ಬಂದ ಉತ್ತರಗಳನ್ನು ಓದಿ ನೈಟಿಂಗೇಲ್ ಬರೆದ ಟಿಪ್ಪಣಿಯಲ್ಲಿ ಬೆಂಗಳೂರಿನ ಪ್ರಸ್ತಾಪವೂ ಇದೆ. ಕುಡಿಯಲು ಬಳಸುತ್ತಿದ್ದ ಹಲಸೂರು ಕೆರೆಗೆ ಬಜಾರಿನ ಕೊಳಚೆ ಹರಿದು ಸೇರುತ್ತಿದ್ದುದನ್ನು ಅವರು ಎತ್ತಿ ತೋರಿಸಿದ್ದರು.

ಐದು ವರ್ಗಗಳು, ಒಂದು ಬೇಡಿಕೆ

ದೇಶದೇಶಗಳ ಮರಣ ಅಂಕಿಅಂಶಗಳನ್ನು ಹೋಲಿಸಬೇಕಾದರೆ ಎಲ್ಲರೂ ಒಂದೇ ಪಟ್ಟಿ ಬಳಸಬೇಕು. 1853ರಲ್ಲಿ ಬ್ರಸೆಲ್ಸ್‌ನಲ್ಲಿ ಸೇರಿದ ಮೊದಲ ಅಂತಾರಾಷ್ಟ್ರೀಯ ಸಂಖ್ಯಾಶಾಸ್ತ್ರ ಸಮ್ಮೇಳನ ಇಂಥ ಪಟ್ಟಿ ಸಿದ್ಧಪಡಿಸುವ ಕೆಲಸವನ್ನು ಫಾರ್ ಹಾಗೂ ಜಿನೀವಾದ ಮಾರ್ಕ್ ದೆಸ್ಪೀನ್ ಅವರಿಗೆ ವಹಿಸಿತು. 1855ರ ಪ್ಯಾರಿಸ್ ಸಮ್ಮೇಳನಕ್ಕೆ ಇಬ್ಬರೂ ಬೇರೆ ಬೇರೆ ಪಟ್ಟಿ ತಂದರು. ಫಾರ್ ಅವರದು ಐದು ವರ್ಗಗಳ ಪಟ್ಟಿ: ಸಾಂಕ್ರಾಮಿಕ ರೋಗಗಳು, ಇಡೀ ದೇಹಕ್ಕೆ ಸಂಬಂಧಿಸಿದ ರೋಗಗಳು, ಅಂಗಾಂಗಗಳಿಗೆ ಅನುಗುಣವಾಗಿ ಜೋಡಿಸಿದ ರೋಗಗಳು, ಬೆಳವಣಿಗೆಯ ದೋಷಗಳು ಮತ್ತು ಹೊರಗಿನ ಆಘಾತದಿಂದ ಆದ ಹಾನಿಗಳು. ಸಮ್ಮೇಳನ ಎರಡನ್ನೂ ಬೆರೆಸಿ 139 ಶೀರ್ಷಿಕೆಗಳ ರಾಜಿ ಪಟ್ಟಿಯನ್ನು ಅಂಗೀಕರಿಸಿತು. ಆದರೆ ನಂತರದ ಪರಿಷ್ಕರಣೆಗಳು ಫಾರ್ ಅವರ ವಿನ್ಯಾಸದತ್ತಲೇ ವಾಲಿದವು.

ಇದೇ ವರದಿಯಲ್ಲಿ ಫಾರ್ ಇನ್ನೊಂದು ಹೆಜ್ಜೆ ಮುಂದೆ ಹೋದರು. ಕೊಲ್ಲದಿದ್ದರೂ ಮನುಷ್ಯನನ್ನು ಅಶಕ್ತನನ್ನಾಗಿಸುವ ರೋಗ ಮತ್ತು ಹಾನಿಗಳಿಗೂ ಇದೇ ಹೆಸರುಗಳ ವ್ಯವಸ್ಥೆ ಅನ್ವಯವಾಗಬೇಕೆಂಬುದು ಅವರ ಬೇಡಿಕೆ. ಸೇನೆ, ನೌಕಾದಳ, ಆಸ್ಪತ್ರೆ, ಸೆರೆಮನೆಗಳ ದಾಖಲೆಗಳಲ್ಲಿ ಅಂಥವರು ಇದ್ದೇ ಇದ್ದರು. ಅವರನ್ನು ಒಂದೇ ಅಳತೆಗೋಲಿನಿಂದ ಅಳೆಯುವ ಪಟ್ಟಿ ಮಾತ್ರ ಇರಲಿಲ್ಲ. ಈ ಕಾರಣಕ್ಕೆ ಅವರು ತಮ್ಮ ಪಟ್ಟಿಯಲ್ಲಿ ಮಾರಕವಲ್ಲದ ಹಲವು ಸ್ಥಿತಿಗಳನ್ನೂ ಸೇರಿಸಿದ್ದರು. 1860ರಲ್ಲಿ ಲಂಡನ್ನಿನಲ್ಲಿ ನಡೆದ ಸಮ್ಮೇಳನದ ಮುಂದೆ ನೈಟಿಂಗೇಲ್ ಆಸ್ಪತ್ರೆಗಳ ಅಂಕಿಅಂಶಕ್ಕೆ ಏಕರೂಪದ ನಮೂನೆಯನ್ನು ಪ್ರಸ್ತಾಪಿಸಿ, ಫಾರ್ ಅವರ ವರ್ಗೀಕರಣವನ್ನೇ ಬಳಸಬೇಕೆಂದು ಒತ್ತಾಯಿಸಿದರು.

ಆ ಕಾಲದ ಇಂಗ್ಲೆಂಡಿನಲ್ಲಿ ಗಣಿ, ಕಾರ್ಖಾನೆ, ರೈಲು, ಕುದುರೆಗಾಡಿಗಳು ದಿನವೂ ಜನರನ್ನು ಗಾಯಗೊಳಿಸುತ್ತಿದ್ದವು. ಸತ್ತರೆ ಮರಣದ ಪುಸ್ತಕದಲ್ಲಿ ಹೆಸರು ದಾಖಲಾಗುತ್ತಿತ್ತು. ಕಾಲು ಮುರಿದು ಬದುಕಿದರೆ ಅಂಥ ಪುಸ್ತಕವೇ ಇರಲಿಲ್ಲ. ಫಾರ್ ಸಹಾಯಕ ಆಯುಕ್ತರಾಗಿದ್ದ 1851ರ ಜನಗಣತಿಯಲ್ಲಿ ಕುರುಡರು ಮತ್ತು ಕಿವುಡ ಮೂಕರನ್ನು ಬ್ರಿಟನ್ನಿನಲ್ಲಿ ಮೊದಲ ಬಾರಿಗೆ ಎಣಿಸಲಾಯಿತು. ಅಪಘಾತದಲ್ಲಿ ಕೈಕಾಲು ಕಳೆದುಕೊಂಡವರಿಗೆ ಆ ನಮೂನೆಯಲ್ಲೂ ಕಲಂ ಇರಲಿಲ್ಲ.

ಕೊನೆಯ ವರ್ಷಗಳು

ಫಾರ್ 1842ರಲ್ಲಿ ಎರಡನೆಯ ಮದುವೆಯಾದರು. 1855ರಲ್ಲಿ ರಾಯಲ್ ಸೊಸೈಟಿಯ ಫೆಲೋ ಆಗಿ ಆಯ್ಕೆಯಾದರು. ಇಂಗ್ಲೆಂಡಿನ ಜನರ ಆಯುಷ್ಯದ ಕೋಷ್ಟಕಗಳನ್ನು ರಚಿಸಿದ ಕೀರ್ತಿಯೂ ಅವರದೇ. 1864ರಲ್ಲಿ ಪ್ರಕಟವಾದ ಮೂರನೆಯ ಕೋಷ್ಟಕಕ್ಕೆ ಸ್ವೀಡನ್ನಿನ ಶಾಯಿಟ್ಜ್ ತಂದೆಮಕ್ಕಳು ರೂಪಿಸಿದ್ದ ಲೆಕ್ಕಯಂತ್ರದ ಮಾದರಿಯನ್ನು ಬಳಸಲಾಯಿತು. 1866ರಲ್ಲಿ ದನಗಳ ದೊಡ್ಡರೋಗ ದೇಶವನ್ನು ಕಂಗೆಡಿಸಿದಾಗ, ಏರಿಕೆಯ ವೇಗ ಕುಗ್ಗುತ್ತಿರುವುದನ್ನು ಗಮನಿಸಿದ ಅವರು ರೋಗ ಬೇಗನೆ ಇಳಿಯುತ್ತದೆಂದು ಪತ್ರಿಕೆಗೆ ಬರೆದರು. ಹಲವರು ನಂಬದಿದ್ದರೂ ರೋಗ ಇಳಿಮುಖವಾಯಿತು.

ರಿಜಿಸ್ಟ್ರಾರ್ ಜನರಲ್ ಜಾರ್ಜ್ ಗ್ರಹಾಂ ನಿವೃತ್ತರಾದಾಗ ಆ ಸ್ಥಾನ ಫಾರ್ ಅವರಿಗೇ ಸಲ್ಲುವುದೆಂದು ಅನೇಕರು ಭಾವಿಸಿದ್ದರು. ಹುದ್ದೆ ಬೇರೆಯವರ ಪಾಲಾಯಿತು. ಫಾರ್ 1880ರಲ್ಲಿ ಸೇವೆಯಿಂದ ಹೊರಬಂದರು. ಸರ್ಕಾರ ಸಿ.ಬಿ. ಬಿರುದು ನೀಡಿತು. 1883ರ ಏಪ್ರಿಲ್ 14ರಂದು, 75ನೆಯ ವಯಸ್ಸಿನಲ್ಲಿ, ಲಂಡನ್ನಿನ ಮನೆಯಲ್ಲಿ ಅವರು ನಿಧನರಾದರು. ಅವರ ವರದಿಗಳಿಂದ ಆಯ್ದ ಭಾಗಗಳ ಸಂಪುಟ 1885ರಲ್ಲಿ ಹೊರಬಂದಿತು. ಮೊದಲ ಬೆನ್ಜ್ ಮೋಟಾರು ಬಂಡಿಗೆ ಪೇಟೆಂಟ್ ದೊರೆತದ್ದು ಅದರ ಮರುವರ್ಷ.

93 ವರ್ಷಗಳ ಕಾಯುವಿಕೆ

ಫಾರ್ ಅವರ ಕೆಲಸವನ್ನು ಮುಂದುವರಿಸಿದವರು ಪ್ಯಾರಿಸ್ ನಗರದ ಸಂಖ್ಯಾಶಾಸ್ತ್ರ ವಿಭಾಗದ ಮುಖ್ಯಸ್ಥ ಜಾಕ್ ಬರ್ಟಿಲನ್. ಅವರ ಅಧ್ಯಕ್ಷತೆಯ ಸಮಿತಿ ಸಿದ್ಧಪಡಿಸಿದ 161 ಶೀರ್ಷಿಕೆಗಳ ಮರಣಕಾರಣ ಪಟ್ಟಿಯನ್ನು 1893ರಲ್ಲಿ ಷಿಕಾಗೊದಲ್ಲಿ ಸೇರಿದ ಅಂತಾರಾಷ್ಟ್ರೀಯ ಸಂಖ್ಯಾಶಾಸ್ತ್ರ ಸಂಸ್ಥೆಯ ಸಭೆ ಅಂಗೀಕರಿಸಿತು. 1900ರಿಂದ ಅದರ ಪರಿಷ್ಕರಣೆಗಳು ಆರಂಭವಾದವು. ಕಾಯಿಲೆಗಳಿಗಾಗಿ ಸಮಾನಾಂತರ ಪಟ್ಟಿಯೊಂದನ್ನೂ ಆಗ ಸೇರಿಸಲಾಯಿತಾದರೂ ಅದು ಮರಣ ಪಟ್ಟಿಯ ಸಣ್ಣ ವಿಸ್ತರಣೆಯಷ್ಟೇ ಆಗಿದ್ದು, ಹೆಚ್ಚು ದೇಶಗಳು ಅದನ್ನು ಬಳಸಲಿಲ್ಲ.

1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಹೊಣೆ ವಹಿಸಿಕೊಂಡ ಆರನೆಯ ಪರಿಷ್ಕರಣೆಯಲ್ಲಿ ಮಾರಕವಲ್ಲದ ರೋಗಗಳೂ ಗಾಯಗಳೂ ಒಂದೇ ಪಟ್ಟಿಗೆ ಸೇರಿದವು. ಗಾಯದ ಸ್ವರೂಪಕ್ಕೆ ಒಂದು ಸಂಕೇತ, ಅದಕ್ಕೆ ಕಾರಣವಾದ ಘಟನೆಗೆ ಇನ್ನೊಂದು ಸಂಕೇತ ಎಂಬ ಕ್ರಮ ಜಾರಿಗೆ ಬಂದಿತು. 1855ರ ಬೇಡಿಕೆ ಈಡೇರಲು 93 ವರ್ಷ ಬೇಕಾಯಿತು.

ಹೊಸ ವಾಹನಗಳು ಬಂದಂತೆ ಪಟ್ಟಿಯೂ ಬೆಳೆಯಿತು. 1979ರಿಂದ ಬಳಕೆಗೆ ಬಂದ ಒಂಬತ್ತನೆಯ ಪರಿಷ್ಕರಣೆಯಲ್ಲಿ ರಸ್ತೆಯಾಚೆ ಓಡುವ ಮೋಟಾರು ವಾಹನಗಳ ಅಪಘಾತಕ್ಕೆ ಇ821 ಎಂಬ ಪ್ರತ್ಯೇಕ ಸಂಕೇತ ದೊರೆಯಿತು. ಹತ್ತನೆಯ ಪರಿಷ್ಕರಣೆಯಲ್ಲಿ ಅದು ವಿ86 ಆಯಿತು. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಪಟ್ಟಿಯಲ್ಲಿ ಶಾಶ್ವತ ಹಾನಿಗೆ ಬೇರೆಯೇ ಸಂಕೇತಗಳಿವೆ: ಬೆನ್ನುಹುರಿ ಗಾಯದ ಉಳಿಕೆ ಪರಿಣಾಮಕ್ಕೆ ಟಿ91.3, ಮೋಟಾರು ವಾಹನ ಅಪಘಾತದ ಉಳಿಕೆ ಪರಿಣಾಮಕ್ಕೆ ವೈ85.0. ಘಟನೆ ನಡೆದು ವರ್ಷ ಕಳೆದ ಮೇಲೆ ಕಾಣುವ ಪರಿಣಾಮಗಳೂ ಇದರಲ್ಲಿ ಸೇರುತ್ತವೆ. ಅಮೆರಿಕ 2015ರ ಅಕ್ಟೋಬರ್ 1ರಿಂದ ಜಾರಿಗೊಳಿಸಿದ ತನ್ನ ಆವೃತ್ತಿಯಲ್ಲಿ ಇದೇ ಕೆಲಸವನ್ನು ಏಳನೆಯ ಸ್ಥಾನದ ಎಸ್ ಅಕ್ಷರಕ್ಕೆ ವಹಿಸಿದೆ. ಅಲ್ಲಿ ಕಾಲಮಿತಿಯಿಲ್ಲ. ಅಪಘಾತವಾಗಿ ಹತ್ತು ವರ್ಷ ಕಳೆದಿದ್ದರೂ ಕೆಳಮೈ ಲಕ್ವಕ್ಕೆ ಮೊದಲ ಸಂಕೇತ, ಅದಕ್ಕೆ ಮೂಲವಾದ ಬೆನ್ನುಹುರಿ ಗಾಯಕ್ಕೆ ಎಸ್ ಸಹಿತ ಎರಡನೆಯ ಸಂಕೇತ, ವಾಹನ ಅಪಘಾತಕ್ಕೆ ಎಸ್ ಸಹಿತ ಮತ್ತೊಂದು ಸಂಕೇತ ಬರೆಯಬಹುದು.

ಇಷ್ಟಾದರೂ ಫಾರ್ ಅವರ ಬೇಡಿಕೆ ಪೂರ್ಣವಾಗಿ ಈಡೇರಿದೆಯೆನ್ನಲಾಗದು. ಗಾಯಕ್ಕೆ ಕಾರಣವಾದ ಘಟನೆಯ ಸಂಕೇತವನ್ನು ನಮೂದಿಸುವುದು ಅಮೆರಿಕದಲ್ಲಿ ರಾಷ್ಟ್ರಮಟ್ಟದಲ್ಲಿ ಕಡ್ಡಾಯವಲ್ಲ. ಕೆಲವು ರಾಜ್ಯಗಳ ನಿಯಮ ಅಥವಾ ವಿಮಾ ಸಂಸ್ಥೆಗಳ ಷರತ್ತು ಇದ್ದಲ್ಲಿ ಮಾತ್ರ ಅದು ಅನಿವಾರ್ಯ. ಆ ಸಂಕೇತ ಬಿಟ್ಟುಹೋದರೆ ದಾಖಲೆಯಲ್ಲಿ ಲಕ್ವ ಉಳಿಯುತ್ತದೆ, ವಾಹನ ಮಾಯವಾಗುತ್ತದೆ. ಯಾವ ವಾಹನ ಎಷ್ಟು ಮಂದಿಯನ್ನು ಜೀವನಪರ್ಯಂತ ಅಶಕ್ತರನ್ನಾಗಿಸಿತೆಂದು ತಿಳಿಯುವ ದಾರಿ ಅಷ್ಟರಮಟ್ಟಿಗೆ ಮುಚ್ಚುತ್ತದೆ.

ಭಾರತದಲ್ಲಿಯೂ ವೈದ್ಯಕೀಯವಾಗಿ ಪ್ರಮಾಣೀಕೃತ ಮರಣಗಳ ಕಾರಣಗಳನ್ನು ಇದೇ ಅಂತಾರಾಷ್ಟ್ರೀಯ ವರ್ಗೀಕರಣದಂತೆ ವಿಂಗಡಿಸಲಾಗುತ್ತದೆ. 1969ರ ಜನನ ಮರಣ ನೋಂದಣಿ ಕಾಯ್ದೆ ಅದಕ್ಕೆ ಆಧಾರ. ಆದರೆ ಆ ಕಾಯ್ದೆ ಎಣಿಸುವುದು ಹುಟ್ಟು ಸಾವುಗಳನ್ನು. ಅಪಘಾತದಿಂದ ಬದುಕಿ ಉಳಿದು ಅಂಗಬಲ ಕಳೆದುಕೊಂಡವರು ಅದರ ವ್ಯಾಪ್ತಿಗೆ ಬರುವುದಿಲ್ಲ. ಹನ್ನೊಂದನೆಯ ಪರಿಷ್ಕರಣೆ 2022ರ ಜನವರಿ 1ರಿಂದ ಅಧಿಕೃತವಾಗಿ ಜಾರಿಯಲ್ಲಿದ್ದು, ದೇಶಗಳು ಹಂತಹಂತವಾಗಿ ಅದಕ್ಕೆ ಹೊಂದಿಕೊಳ್ಳುತ್ತಿವೆ. ಪಟ್ಟಿ ಎಷ್ಟೇ ಸೂಕ್ಷ್ಮವಾದರೂ ವೈದ್ಯರ ಟಿಪ್ಪಣಿಯಲ್ಲಿ ಇಲ್ಲದ ಅಪಘಾತವನ್ನು ಸಂಕೇತ ಬರೆಯುವವರು ಸೇರಿಸುವಂತಿಲ್ಲ. ಹೇಗೆ ಗಾಯವಾಯಿತೆಂದು ಕೇಳಿ ಒಂದು ಸಾಲು ಬರೆದಿಡುವ ಕೆಲಸ ಇಂದಿಗೂ, 1845ರಲ್ಲಿ ಇದ್ದಂತೆಯೇ, ರೋಗಿಯ ಎದುರು ಕುಳಿತ ವೈದ್ಯರದ್ದಾಗಿದೆ.